ಹಾರ್ಲೆಮ್ ವಾಕ್‌ನಲ್ಲೇ ಸ್ವಿಂಗ್ ಕಲಿಸಿದ ನನ್ನ ಅನುಭವ

ನ್ಯೂಯಾರ್ಕ್‌ನಲ್ಲಿ ಕಪ್ಪು ಜನರ ಹಳೇ ಬಡಾವಣೆ ಹಾರ್ಲೆಮ್. ಅಲ್ಲಿ ಹೆರಿಟೇಜ್ ವಾಕ್ (ಹಳೇ ಜಾಗಗಳನ್ನು ನಡೆದು ತೋರಿಸಿ ಕಥೆ ಹೇಳೋದು) ಮಾಡಿಸುತ್ತಲೇ ಸ್ವಿಂಗ್ ಡ್ಯಾನ್ಸ್, ಅಂದರೆ ಜಾಝ್ ಹಾಡಿಗೆ ಜೋಡಿಯಾಗಿ ಕುಣಿಯೋದು, ಕಲಿಸುತ್ತೇನೆ ಅಂದಾಗ ಇಬ್ಬರು ನಕ್ಕರು. ಒಬ್ಬರು ನಮ್ಮನೆಯವರು. "ಎರಡು ದೋಣಿ ಮೇಲೆ ಕಾಲಿಡ್ತಿದ್ದೀಯ, ನೋಡ್ಕೋ" ಅಂದರು. ಇನ್ನೊಬ್ಬರು ನನಗೆ ಲಿಂಡಿ ಹಾಪ್ (ಹಾರ್ಲೆಮ್‌ನಲ್ಲೇ ಹುಟ್ಟಿದ ಸ್ವಿಂಗ್ ಡ್ಯಾನ್ಸ್) ಕಲಿಸಿದ ಟೀಚರ್. ವಾಕ್‌ಗೆ ಬರುವವರು ಕುಣಿಯಲ್ಲ, ಕುಣಿಯೋಕೆ ಬರುವವರು ಕಥೆ ಕೇಳಲ್ಲ ಅನ್ನೋದು ಅವರ ವಾದ. ಮೊದಲ ವರ್ಷ ಇಬ್ಬರ ಮಾತೂ ನಿಜವಾಯಿತು. ಮೂರನೇ ವರ್ಷ ಸುಳ್ಳಾಯಿತು. ಅದಕ್ಕೇ ಬರೆಯುತ್ತಿದ್ದೇನೆ, ಇಲ್ಲದಿದ್ದರೆ ಸುಮ್ಮನಿರುತ್ತಿದ್ದೆ.

ನೀವು ವಾಕ್ ಮಾಡಿಸುವವರೋ ಡ್ಯಾನ್ಸ್ ಕಲಿಸುವವರೋ ಆಗಿದ್ದರೆ ಸಿಕ್ಸ್ ಕೌಂಟ್ (ಆರು ಎಣಿಕೆಯ ಹೆಜ್ಜೆ) ಅಂದರೇನು, ಗುಂಪನ್ನು ರಸ್ತೆ ದಾಟಿಸೋದು ಹೇಗೆ ಅಂತೆಲ್ಲ ಹೇಳಬೇಕಾಗಿಲ್ಲ. ನೇರವಾಗಿ ನಷ್ಟದ ಲೆಕ್ಕಕ್ಕೆ ಬರುತ್ತೇನೆ.

ನ್ಯೂಯಾರ್ಕ್‌ನಲ್ಲಿ ದುಡ್ಡು ತಗೊಂಡು ಗೈಡ್ ಕೆಲಸ ಮಾಡಬೇಕಾದರೆ ಲೈಸೆನ್ಸ್ ಬೇಕು. 150 ಪ್ರಶ್ನೆಗಳ ಪರೀಕ್ಷೆ, 97 ಸರಿ ಇದ್ದರೆ ಪಾಸ್. ನನಗೆ 120 ದಾಟಿತ್ತು, ಆ ವಿಷಯ ಮನೆಯಲ್ಲಿ ಇವತ್ತಿಗೂ ಆಗಾಗ ನೆನಪಿಸುತ್ತೇನೆ. ಪರೀಕ್ಷೆ ಪಾಸಾದ ಹುಮ್ಮಸ್ಸಿನಲ್ಲಿ ಮೊದಲ ಪ್ಲಾನ್ ಮಾಡಿದೆ: ಎರಡು ಗಂಟೆ ವಾಕ್, ಆಮೇಲೆ ಒಂದು ಹಾಲ್‌ನಲ್ಲಿ ಒಂದು ಗಂಟೆ ಪಾಠ. ಟಿಕೆಟ್ 45 ಡಾಲರ್. ಹದಿನೆಂಟು ಜನ ಬಂದರು. ಹಾಲ್ ಬಾಗಿಲಿಗೆ ಬರುವಷ್ಟರಲ್ಲಿ ಏಳು ಜನ ಉಳಿದಿದ್ದರು. ಆ ಏಳರಲ್ಲಿ ಮೂವರು ಕುರ್ಚಿ ನೋಡಿದ ಕೂಡಲೇ ಕೂತುಬಿಟ್ಟರು. ಎರಡು ಗಂಟೆ ಕಾಂಕ್ರೀಟ್ ಮೇಲೆ ನಿಂತು ನಿಂತು ಕಾಲು ಸತ್ತಿರುತ್ತೆ, ಕುಣಿ ಅಂದರೆ ಯಾರು ಕುಣಿಯುತ್ತಾರೆ?

ಸರಿ, ತಿರುಗುಮುರುಗು ಮಾಡಿದೆ. ಮೊದಲು ಪಾಠ, ಆಮೇಲೆ ವಾಕ್. ಇದು ಇನ್ನೂ ಕೆಟ್ಟದಾಯಿತು. ಬೆವರಿಳಿದ ಮೈಯಲ್ಲಿ ಅಕ್ಟೋಬರ್ ಗಾಳಿಗೆ ಹೊರಟರೆ ಹತ್ತು ನಿಮಿಷಕ್ಕೆ ಎಲ್ಲರೂ ನಡುಕ. ಕುಣಿದು ಖುಷಿಯಾದವರಿಗೆ ಕಥೆ ಕೇಳುವ ತಾಳ್ಮೆಯೂ ಇರಲಿಲ್ಲ. ಒಬ್ಬಾಕೆ ಅರ್ಧ ದುಡ್ಡು ವಾಪಸ್ ಕೇಳಿದರು. ಕೊಟ್ಟೆ.

ಆ ವರ್ಷ ಸುಮಾರು 1,100 ಡಾಲರ್ ಕೈಬಿಟ್ಟಿತು. ಇನ್ಶೂರೆನ್ಸ್ ಒಂದೇ ನಾನೂರು ಚಿಲ್ಲರೆ ತಿಂದಿತು. ಉಳಿದದ್ದು ಹಾಲ್ ಬಾಡಿಗೆ, ವಾಪಸ್ ಕೊಟ್ಟ ಟಿಕೆಟ್, ಮತ್ತೆ ಈಗ ಹೇಳೋ ಹೆಡ್‌ಸೆಟ್ ಹುಚ್ಚು.

ಹೆಡ್‌ಸೆಟ್ ವಿಷಯ ಹೀಗೆ. ಅಲ್ಲಿ ರಸ್ತೆಯಲ್ಲಿ ಸ್ಪೀಕರ್ ಹಾಕಬೇಕಾದರೆ ಪರ್ಮಿಟ್ ತಗೋಬೇಕು, ದಿನಕ್ಕೆ 45 ಡಾಲರ್ ಅಂತ ನೆನಪು. ಒಂದು ಸಲ ಪರ್ಮಿಟ್ ಇಲ್ಲದೆ ಸಣ್ಣ ಸ್ಪೀಕರ್ ಹಾಕಿ ಬೈಸಿಕೊಂಡಿದ್ದೆ, ತಪ್ಪು ನನ್ನದೇ. ಹಾಗಾಗಿ ಎಲ್ಲರ ಕಿವಿಗೂ ವೈರ್‌ಲೆಸ್ ಹೆಡ್‌ಸೆಟ್ ಹಾಕಿದರೆ ಹಾಡೂ ಕೇಳುತ್ತೆ, ನನ್ನ ಮಾತೂ ಕೇಳುತ್ತೆ ಅಂತ ಬಾಡಿಗೆಗೆ ತಂದೆ. ಎಲ್ಲರಿಗೂ ಎಲ್ಲವೂ ಚೆನ್ನಾಗಿ ಕೇಳಿಸಿತು. ಆದರೆ ಒಬ್ಬರ ನಗು ಇನ್ನೊಬ್ಬರಿಗೆ ಕೇಳಿಸಲಿಲ್ಲ. ಸ್ವಿಂಗ್ ಕಲಿಯುವಾಗ ತಪ್ಪು ಹೆಜ್ಜೆ ಇಟ್ಟು ನಗದೇ ಹೋದರೆ ಮುಗಿಯಿತು, ಮೈ ಬಿಗಿಯಾಗುತ್ತೆ. ದಾರಿಯಲ್ಲಿ ಹೋಗುವವರಿಗೆ ನಾವು ಸದ್ದಿಲ್ಲದೆ ಕುಣಿಯೋ ದೆವ್ವಗಳ ಹಾಗೆ ಕಂಡಿರಬೇಕು. ಎರಡೇ ವಾರಕ್ಕೆ ವಾಪಸ್ ಕೊಟ್ಟೆ.

ದಾರಿ ಸಿಕ್ಕಿದ್ದು ಒಂದು ಟ್ರಾಫಿಕ್ ಸಿಗ್ನಲ್‌ನಲ್ಲಿ. ಲೆನಾಕ್ಸ್ ಅವೆನ್ಯೂ ಅಗಲವಾದ ರಸ್ತೆ, ಕೆಂಪು ದೀಪ ಬಿದ್ದರೆ ಕಾಯಬೇಕು. ಚಳಿಗೆ ನಾನು ನಿಂತಲ್ಲೇ ಕಾಲು ಹಿಂದೆ ಮುಂದೆ ಆಡಿಸುತ್ತಿದ್ದೆ. ಪಕ್ಕದಲ್ಲಿದ್ದ ಹುಡುಗಿಯೂ ಹಾಗೇ ಮಾಡಿದಳು, ಅವಳನ್ನು ನೋಡಿ ಅವಳಮ್ಮ. ದೀಪ ಹಸಿರಾಗುವಷ್ಟರಲ್ಲಿ ಎಂಟು ಜನ ರಾಕ್ ಸ್ಟೆಪ್ (ಒಂದು ಹೆಜ್ಜೆ ಹಿಂದೆ, ಒಂದು ಮುಂದೆ) ಹಾಕುತ್ತಿದ್ದರು! ಹಾಲ್‌ನಲ್ಲಿ ಹದಿನೈದು ನಿಮಿಷ ತಿನ್ನುವ ಹೆಜ್ಜೆ ಇದು. ಅವತ್ತೇ ಗೊತ್ತಾಯಿತು, ಪಾಠಕ್ಕೆ ಅಂತ ಬೇರೆ ಜಾಗ, ಬೇರೆ ಹೊತ್ತು ಇಡಬಾರದು. ನಡಿಗೆಯ ಒಳಗೇ ಹೆಜ್ಜೆ ಸೇರಿಸಬೇಕು.

ಆಮೇಲೆ ಗುಂಪಿನ ನಡಿಗೆ ಎಣಿಸಿದೆ. ಹದಿನಾರು ಜನ ಮಾತಾಡಿಕೊಂಡು ನಡೆದರೆ ನಿಮಿಷಕ್ಕೆ 100ರಿಂದ 110 ಹೆಜ್ಜೆ. ಹೊಸಬರಿಗೆ ನಾವು ಹಾಕುವ ಹಾಡು 120 ಬಿಪಿಎಂ (ನಿಮಿಷಕ್ಕೆ ಬೀಳುವ ತಾಳದ ಪೆಟ್ಟು) ಆಸುಪಾಸು. ಎರಡಕ್ಕೂ ದೂರವೇ ಇಲ್ಲ, ಅಲ್ವಾ? ಹಾರ್ಲೆಮ್‌ನ ಹಳೇ ಡ್ಯಾನ್ಸ್ ಹಾಲ್ ಸವಾಯ್ ಬಾಲ್‌ರೂಮ್‌ನ ಡ್ಯಾನ್ಸರ್‌ಗಳು 200 ದಾಟಿದ ವೇಗಕ್ಕೆ ಕುಣಿಯುತ್ತಿದ್ದರು, ಅದು ಬೇರೆ ಲೋಕ.

ಈಗಿನ ದಾರಿ ಹೀಗಿದೆ. 135ನೇ ಬೀದಿಯಲ್ಲಿ ಶಾಂಬರ್ಗ್ ಸೆಂಟರ್ (ಕಪ್ಪು ಜನರ ಚರಿತ್ರೆಯ ಲೈಬ್ರರಿ) ಮುಂದೆ ಸೇರುತ್ತೇವೆ. ಒಳಗಿನ ನೆಲದ ಕೆಳಗೆ ಕವಿ ಲ್ಯಾಂಗ್‌ಸ್ಟನ್ ಹ್ಯೂಸ್ ಅವರ ಚಿತಾಭಸ್ಮ ಇದೆ. 1991ರಲ್ಲಿ ಅಲ್ಲಿ ಸಮಾರಂಭ ನಡೆದಾಗ ಲೇಖಕರಾದ ಮಾಯಾ ಏಂಜೆಲೋ ಮತ್ತು ಅಮಿರಿ ಬರಾಕಾ ಅದೇ ನೆಲದ ಮೇಲೆ ಕುಣಿದರು. ಈ ಕಥೆ ಹೇಳಿದ ಮೇಲೆ 'ನಾನು ಕುಣಿಯಲ್ಲಪ್ಪ' ಅನ್ನುವವರು ಅರ್ಧ ಆಗುತ್ತಾರೆ. ಡ್ಯಾನ್ಸ್ ಅನ್ನೋ ಮಾತೇ ಅಲ್ಲಿ ತೆಗೆಯಲ್ಲ. ಮಂಡಿ ಸಡಿಲ ಬಿಟ್ಟು ನಡೆಯಿರಿ, ಪಕ್ಕದವರ ಹೆಜ್ಜೆಗೆ ಹೆಜ್ಜೆ ಕೂಡಿಸಿ, ಅಷ್ಟೇ. 138ನೇ ಬೀದಿ ಮುಟ್ಟುವ ಹೊತ್ತಿಗೆ ಪಲ್ಸ್ (ತಾಳಕ್ಕೆ ಮೈ ಸಣ್ಣಗೆ ಕುಲುಕೋದು) ಬಂದಿರುತ್ತೆ.

ಅಲ್ಲಿ ಸೆವೆಂತ್ ಅವೆನ್ಯೂ ಮೂಲೆಯಲ್ಲಿ ರಿನೇಸಾನ್ಸ್ ಬಾಲ್‌ರೂಮ್ ಇತ್ತು. ಕಪ್ಪು ಜನರೇ ಕಟ್ಟಿ ನಡೆಸಿದ ಜಾಗ. ಅಲ್ಲಿನ ರೆನ್ಸ್ ಬ್ಯಾಸ್ಕೆಟ್‌ಬಾಲ್ ತಂಡ ಮ್ಯಾಚ್ ಆಡುತ್ತಿತ್ತು, ಮ್ಯಾಚ್ ಮುಗಿದ ಮೇಲೆ ಅದೇ ನೆಲದಲ್ಲಿ ಡ್ಯಾನ್ಸ್. ಎರಡು ದೋಣಿ ಅಂತ ನಕ್ಕವರಿಗೆ ನಾನು ಕೊಡುವ ಉತ್ತರ ಇದು. ಕಟ್ಟಡವನ್ನು 2015ರಲ್ಲಿ ಕೆಡವಿದರು.

ಹಾಗೇ ಮುಂದೆ ಸ್ಟ್ರೈವರ್ಸ್ ರೋ. 1890ರ ದಶಕದ ಮನೆಗಳು. ಕಪ್ಪು ಜನರಿಗೆ ಇಲ್ಲಿ ಮನೆ ಮಾರಲು ಶುರು ಮಾಡಿದ್ದು 1919ರ ಹೊತ್ತಿಗೆ. ಗೇಟಿನ ಕಂಬದ ಮೇಲೆ ಇನ್ನೂ ಹಳೇ ಬರಹ ಕಾಣುತ್ತೆ: ಖಾಸಗಿ ರಸ್ತೆ, ಕುದುರೆಗಳನ್ನು ನಡೆಸಿಕೊಂಡು ಹೋಗಿ. ಇದಕ್ಕಿಂತ ಒಳ್ಳೇ ಪಾಠದ ಬೋರ್ಡ್ ನನಗೆ ಎಲ್ಲೂ ಸಿಕ್ಕಿಲ್ಲ. ಇಲ್ಲಿ ಜೋಡಿ ಮಾಡುತ್ತೇನೆ. ಲೀಡ್ ಮಾಡುವವರು ಎಳೆಯಬಾರದು, ಕುದುರೆ ಓಡಿಸಬಾರದು, ನಡೆಸಬೇಕು. ಕೈ ಹಿಡಿಯೋಕೆ ಮುಜುಗರ ಇದ್ದವರಿಗೆ ಮೊಣಕೈ ಸಾಕು. ಯಾರನ್ನು ಯಾರ ಜೊತೆ ಜೋಡಿ ಮಾಡುತ್ತೇನೆ ಅನ್ನೋದಕ್ಕೆ ಒಂದು ಲೆಕ್ಕ ಇದೆ, ಅದನ್ನು ಇಲ್ಲಿ ಬರೆಯಲ್ಲ. ನಾಲ್ಕು ಕಾಸು ಹುಟ್ಟೋದೇ ಅದರಿಂದ.

ಜೋಡಿ ಬದಲಾಯಿಸೋಕೆ ಮಾತ್ರ ಕೋಲಾಟ ನೆನಪಿಸಿಕೊಂಡೆ. ಚಿಕ್ಕಂದಿನಲ್ಲಿ ಶಾಲೆ ವಾರ್ಷಿಕೋತ್ಸವಕ್ಕೆ ಆಡಿದ್ದೆವಲ್ಲ, ಒಳಸುತ್ತು ನಿಲ್ಲುತ್ತೆ, ಹೊರಸುತ್ತು ಒಂದೊಂದು ಮನೆ ಮುಂದೆ ಹೋಗುತ್ತೆ. ಹಾಗೇ ಮಾಡಿಸಿದೆ. ಸ್ವಿಂಗ್ ಕ್ಲಾಸಿನಲ್ಲಿ ರೊಟೇಶನ್ ಹೊಸದೇನಲ್ಲ, ಆದರೆ ನಡೆಯುತ್ತಾ ನಡೆಯುತ್ತಾ ಸಾಲಿನಲ್ಲೇ ಬದಲಾಯಿಸೋದು ಕೋಲಾಟದ ಬುದ್ಧಿ. ಪಕ್ಕದ ಮನೆಗಳಲ್ಲಿ ಜನ ವಾಸ ಇದ್ದಾರೆ ಅನ್ನೋದು ಮರೀಬಾರದು. ಭಾನುವಾರ ಬೆಳಿಗ್ಗೆ ಈ ವಾಕ್ ಇಡಲೇಬೇಡಿ. 138ನೇ ಬೀದಿಯಲ್ಲೇ ಅಬಿಸಿನಿಯನ್ ಬ್ಯಾಪ್ಟಿಸ್ಟ್ ಚರ್ಚ್ ಇದೆ, ಪ್ರಾರ್ಥನೆಗೆ ಬರುವವರ ಮುಂದೆ ನಾವು ಟ್ರಿಪಲ್ ಸ್ಟೆಪ್ (ಬೇಗ ಬೇಗ ಇಡುವ ಮೂರು ಹೆಜ್ಜೆ) ಹಾಕೋದು ಚೆನ್ನಾಗಿರಲ್ಲ.

ಆಮೇಲೆ 142ನೇ ಬೀದಿ ಮೂಲೆ, ಕಾಟನ್ ಕ್ಲಬ್ ಅನ್ನೋ ನೈಟ್‌ಕ್ಲಬ್ ಇದ್ದ ಜಾಗ. ಅಲ್ಲಿ ಹಾಡುವವರು, ಕುಣಿಯುವವರು ಕಪ್ಪು ಜನ, ಕೂತು ನೋಡುವವರು ಬಿಳಿ ಜನ ಮಾತ್ರ. ಅಲ್ಲಿ ಯಾರಿಗೂ ಹೆಜ್ಜೆ ಹಾಕಿಸಲ್ಲ. ಅಲ್ಲಿಂದ ಒಂದು ಬ್ಲಾಕ್ ಕೆಳಗೆ ನಡೆದರೆ ಸವಾಯ್ ಬಾಲ್‌ರೂಮ್ ಇದ್ದ ಜಾಗ. 1926ರಲ್ಲಿ ಶುರುವಾದಾಗಿಂದ ಅಲ್ಲಿ ಎಲ್ಲ ಬಣ್ಣದವರೂ ಒಂದೇ ನೆಲದಲ್ಲಿ ಕುಣಿದರು. ಆ ಒಂದು ಬ್ಲಾಕ್ ನಡೆಸುವಾಗ ನಾನು ಏನೂ ಹೇಳಲ್ಲ. ಮೊದಮೊದಲು ಇಲ್ಲಿ ಹತ್ತು ನಿಮಿಷ ಭಾಷಣ ಬಿಗಿಯುತ್ತಿದ್ದೆ, ಈಗ ಬಾಯಿ ಮುಚ್ಚಿಕೊಂಡು ನಡೆಯೋದೇ ಜಾಸ್ತಿ ಕೆಲಸ ಮಾಡುತ್ತೆ.

ಸವಾಯ್ ಈಗಿಲ್ಲ. 1958ರಲ್ಲಿ ಮುಚ್ಚಿತು, ಅಲ್ಲಿ ಈಗ ಅಪಾರ್ಟ್‌ಮೆಂಟ್‌ಗಳು. ಒಂದು ಫಲಕ ಉಳಿದಿದೆ. 2002ರಲ್ಲಿ ಅದನ್ನು ತೆರೆದವರು ಫ್ರಾಂಕಿ ಮ್ಯಾನಿಂಗ್ ಮತ್ತು ನಾರ್ಮಾ ಮಿಲ್ಲರ್, ಇಬ್ಬರೂ ಅಲ್ಲೇ ಕುಣಿದು ಬೆಳೆದವರು. 1935ರಲ್ಲಿ ಫ್ರಾಂಕಿ ತನ್ನ ಜೊತೆಗಾತಿಯನ್ನು ಬೆನ್ನ ಮೇಲಿಂದ ಹಾರಿಸಿ ಏರ್ ಸ್ಟೆಪ್ ತೋರಿಸಿದ್ದು ಈ ಜಾಗದಲ್ಲೇ. ಆಮೇಲೆ ದಶಕಗಟ್ಟಲೆ ಅಂಚೆ ಇಲಾಖೆಯಲ್ಲಿ ಕೆಲಸ ಮಾಡಿದರು, ಎಪ್ಪತ್ತು ದಾಟಿದ ಮೇಲೆ ಮತ್ತೆ ಕಲಿಸೋಕೆ ಬಂದರು. ಇದನ್ನು ಕೇಳಿದ ಮೇಲೆ ನಲವತ್ತು ವರ್ಷದವರು ಮಂಡಿನೋವಿನ ನೆಪ ಹೇಳಲ್ಲ.

ಹೋದ ಮೇ ತಿಂಗಳು ಈ ಫಲಕದ ಹತ್ತಿರ ಜೋಡಿಗಳಿಗೆ ಟರ್ನ್ ತೋರಿಸುತ್ತಿದ್ದೆ. ಸ್ಪೀಕರ್ ಇಲ್ಲ, ಚಪ್ಪಾಳೆ ಮಾತ್ರ. ಬೆಂಚಿನ ಮೇಲೆ ಕೂತಿದ್ದ ಒಬ್ಬ ಅಜ್ಜಿ ತರಕಾರಿ ಚೀಲ ಪಕ್ಕಕ್ಕಿಟ್ಟು ಎದ್ದು ಬಂದರು. "ಮಗೂ, ನಿನ್ನ ಚಪ್ಪಾಳೆ ತಪ್ಪು ಜಾಗಕ್ಕೆ ಬೀಳ್ತಿದೆ" ಅಂದರು. ನಾಲ್ಕು ಎಣಿಕೆಯ ತಾಳದಲ್ಲಿ ನಾನು ಒಂದು, ಮೂರಕ್ಕೆ ತಟ್ಟುತ್ತಿದ್ದೆ. ಅವರು ನನ್ನ ಮಣಿಕಟ್ಟು ಹಿಡಿದು ಎರಡಕ್ಕೆ ತಟ್ಟಿಸಿದರು, ನಾಲ್ಕಕ್ಕೆ ತಟ್ಟಿಸಿದರು. ನನಗೆ ಗೊತ್ತಿಲ್ಲದ್ದೇನಲ್ಲ, ಹೊಸಬರಿಗೆ ಸುಲಭ ಆಗಲಿ ಅಂತ ಹಾಗೆ ಮಾಡುತ್ತಿದ್ದೆ. ಆದರೆ ಅವರು ತಟ್ಟಿದ ಕೂಡಲೇ ಇಡೀ ಗುಂಪಿನ ಮೈ ಬಿಗಿ ಇಳಿಯಿತು, ಹೆಗಲು ಸಡಿಲವಾಯಿತು. ಅವತ್ತಿನಿಂದ ನಾನೂ ಎರಡು, ನಾಲ್ಕಕ್ಕೇ ತಟ್ಟೋದು.

ಕೊನೆಗೆ ಹಾಲ್. ಅಷ್ಟರಲ್ಲಿ ಪಾಠ ಮುಗಿದೇ ಇರುತ್ತೆ, ಅಲ್ಲಿ ಮೂವತ್ತೈದು ನಿಮಿಷ ಕುಣಿಯೋದಷ್ಟೇ. ಸವಾಯ್‌ನಲ್ಲಿ ಎರಡು ಬ್ಯಾಂಡ್‌ಸ್ಟ್ಯಾಂಡ್ ಇದ್ದವು, ಒಂದು ಬ್ಯಾಂಡ್ ನಿಲ್ಲಿಸಿದರೆ ಇನ್ನೊಂದು ಎತ್ತಿಕೊಳ್ಳುತ್ತಿತ್ತು. ನಾನೂ ಸಂಗೀತ ನಿಲ್ಲಿಸಲ್ಲ. ಮಾತಾಡುವಾಗ ಸಣ್ಣಗೆ ಮಾಡುತ್ತೇನೆ ಅಷ್ಟೇ. ಎರಡು ಬ್ಲೂಟೂತ್ ಸ್ಪೀಕರ್ ಎರಡು ಮೂಲೆಯಲ್ಲಿಟ್ಟು ನೋಡಿದೆ, ಒಂದು ಕೂದಲೆಳೆ ಹಿಂದೆ ಬಿತ್ತು, ಅರ್ಧ ಹಾಲ್ ಒಂದು ತಾಳ, ಉಳಿದರ್ಧ ಇನ್ನೊಂದು. ವೈರ್ ಇರುವ ಒಂದೇ ಸ್ಪೀಕರ್ ಸಾಕು. ವಾಕಿಂಗ್ ಶೂ ನೆಲಕ್ಕೆ ಅಂಟುತ್ತೆ, ತಿರುಗಿದರೆ ಮಂಡಿ ಹೋಗುತ್ತೆ. ಹಳೇ ಕಾಲುಚೀಲದ ಬೆರಳಿನ ಭಾಗ ಕತ್ತರಿಸಿ, ಉಳಿದದ್ದನ್ನು ಶೂ ಮುಂಭಾಗಕ್ಕೆ ಹಾಕಿಸಿ. ನನ್ನ ಹತ್ತಿರ ಇಪ್ಪತ್ತು ಜೊತೆ ಇವೆ. ಜಾರಲಿ ಅಂತ ನೆಲಕ್ಕೆ ಪೌಡರ್ ಹಾಕಬೇಡಿ, ಹಾಲ್‌ನವರು ಇನ್ನೊಂದು ಸಲ ಬಾಡಿಗೆ ಕೊಡಲ್ಲ.

ಈಗಿನ ಲೆಕ್ಕ: ಟಿಕೆಟ್ 38 ಡಾಲರ್, ಹದಿನಾರು ಜನಕ್ಕಿಂತ ಜಾಸ್ತಿ ಇಲ್ಲ. ಪಾರ್ಕಿನಲ್ಲಿ ಇಪ್ಪತ್ತು ಜನ ಮುಟ್ಟಿದರೆ ಬೇರೆ ಪರ್ಮಿಟ್ ಬೇಕು. ನಾನು, ಸಹಾಯಕ್ಕೆ ಬರುವ ಹುಡುಗ ಸೇರಿ ಹದಿನೆಂಟು, ಹಾಗಾಗಿ ಮಳೆ ಇಲ್ಲದ ದಿನ ಹಾಲ್ ಬಿಟ್ಟು ಪಾರ್ಕಿಗೆ ಹೋಗೋಕೂ ತೊಂದರೆ ಇಲ್ಲ. ಬಂದದ್ದು 608. ಹಾಲ್‌ಗೆ 150, ಹುಡುಗನಿಗೆ 100, ಕಾರ್ಡ್ ಕಮಿಷನ್, ಇನ್ಶೂರೆನ್ಸ್ ಪಾಲು ಅಂತ 50. ಕೈಗೆ ಮುನ್ನೂರು ಚಿಲ್ಲರೆ ಉಳಿಯುತ್ತೆ. ಮೊದಲ ವರ್ಷದ ನಷ್ಟ ನಾಲ್ಕು ವಾಕ್‌ನಲ್ಲಿ ತೀರಿತು.

ಕೊನೆಯ ಹಾಡು ಯಾವುದು ಅಂತ ಎಲ್ಲರೂ ಕೇಳುತ್ತಾರೆ, ಅದೂ ಹೇಳಲ್ಲ. ಹೋದ ತಿಂಗಳು ನನ್ನ ಟೀಚರ್ ಹೇಳದೆ ಕೇಳದೆ ಹೆಸರು ಬರೆಸಿ ಬಂದಿದ್ದರು. ಹದಿನಾರರಲ್ಲಿ ಒಬ್ಬರಾಗಿ 135ರಿಂದ ಕೊನೆವರೆಗೂ ನಡೆದರು, ಮೂರು ಜನ ಹೊಸಬರ ಜೊತೆ ಕುಣಿದರು. ಹೋಗುವಾಗ ಕಾಲುಚೀಲ ವಾಪಸ್ ಕೊಡದೆ ಹೋಗಿಬಿಟ್ಟಿದ್ದಾರೆ.