ಏಸಿ ಬಂದ್ ಮಾಡಿ ಕೇಳಿದ ಸುದ್ದಿ

1990ರ ಆಗಸ್ಟ್ 2, ಗುರುವಾರ. ಕುವೈತಿನ ಸಾಲ್ಮಿಯಾದಲ್ಲಿ ನಾವಿದ್ದ ಬಿಲ್ಡಿಂಗಿನಲ್ಲಿ ಎಲ್ಲರೂ ಫೋನು ತಿರುಗಿಸುತ್ತಿದ್ದರು, ಊರಿಗೆ ಮಾತ್ರ ಲೈನಿಲ್ಲ. ಇರಾಕಿನ ಸೈನ್ಯ ಕುವೈತಿನೊಳಗೆ ಬಂದಾಗಿತ್ತು. ನಾನು ರೇಡಿಯೋ, ಟಿವಿ ರಿಪೇರಿ ಮಾಡುವವ. ಗಿರಾಕಿಯೊಬ್ಬ ಬಿಟ್ಟುಹೋಗಿದ್ದ, ಏರಿಯಲ್ ಮುರಿದ ಟ್ರಾನ್ಸಿಸ್ಟರೊಂದು ಮನೆಯಲ್ಲೇ ಇತ್ತು. ಆವತ್ತಿನಿಂದ ಸುದ್ದಿ ಕೇಳಿ ಹೇಳುವ ಕೆಲಸ ನನ್ನ ಕುತ್ತಿಗೆಗೆ ಬಿತ್ತು.

ಮುರಿದ ಏರಿಯಲ್ ದೊಡ್ಡ ತಲೆನೋವೇನಲ್ಲ. ಹಳೇ ಫ್ಯಾನಿನ ಕಾಯಿಲ್ ಬಿಚ್ಚಿ, ಏಳೆಂಟು ಮೀಟರ್ ತಾಮ್ರದ ತಂತಿಯನ್ನು ಕಿಟಕಿ ಪರದೆಯ ಮಡಿಕೆಯೊಳಗೆ ಏರಿಸಿ ಇಳಿಸಿ ಹೊಲಿದೆ. ಹೊರಗಿನಿಂದ ನೋಡಿದರೆ ಬರೀ ಪರದೆ. ಕಬ್ಬಿಣ ತುಂಬಿದ ಕಾಂಕ್ರೀಟು ಗೋಡೆಯ ಕಡೆ ಶಾರ್ಟ್‌ವೇವ್, ಅಂದರೆ ದೂರದೇಶದ ಸ್ಟೇಷನ್ನುಗಳ ರೇಡಿಯೋ ಅಲೆ, ಸಾಯುತ್ತದೆ, ಕಿಟಕಿಯ ಹತ್ತಿರವೇ ಜೀವ. ಕತ್ತಲಾದ ಮೇಲೆ ಡಯಲಿನ 31 ಮತ್ತು 49 ಮೀಟರ್ ಬ್ಯಾಂಡಿನಲ್ಲಿ ಬಿಬಿಸಿ ಸಿಗುತ್ತಿತ್ತು. ದೆಹಲಿ ಸಿಕ್ಕರೆ ಅದೃಷ್ಟ.

ನಿಜವಾದ ಶತ್ರು ಏಸಿ. ಅದರ ಮೋಟರು ಓಡುತ್ತಿದ್ದರೆ ಸೆಟ್ಟಿನಲ್ಲಿ ಗುರ್ ಎನ್ನುವುದು ಬಿಟ್ಟು ಬೇರೇನೂ ಇಲ್ಲ. ಕರೆಂಟಿನ ಅಡಾಪ್ಟರ್ ಹಾಕಿದರೂ ಅದೇ ಕತೆ. ಹಾಗಾಗಿ ಕುವೈತಿನ ಆಗಸ್ಟ್ ಸೆಕೆಯಲ್ಲಿ ಏಸಿ ಬಂದ್, ಸೆಲ್ಲಿನ ಮೇಲೆ ಸೆಟ್ಟು, ಕಿವಿಗೆ ಇಯರ್‌ಫೋನು. ಬರೆದುಕೊಂಡ ಚೀಟಿಯ ಮೇಲೆ ಬೆವರು ಬಿದ್ದು ಇಂಕು ಹರಡುತ್ತಿತ್ತು. ಹೊಸ ಸೆಲ್ಲು ಎಲ್ಲೂ ಇಲ್ಲ. ಹಳೆಯವನ್ನೇ ಹಗಲು ಬಾಲ್ಕನಿಯ ಬಿಸಿಲಿಗೆ ಇಟ್ಟರೆ ರಾತ್ರಿಗೆ ಅರ್ಧ ಗಂಟೆ ಎಳೆಯುತ್ತಿದ್ದವು. ಊರಲ್ಲಿ ಅಜ್ಜ ಮಾಡುತ್ತಿದ್ದ ಉಪಾಯವೇ.

ಮೆಟ್ಟಿಲ ಮೇಲೆ ಕಾಯುವವರು ಬೇರೆ. “ಏನ್ರೀ ನಾಯಕ್ರೇ, ಪ್ಲೇನಿನ ಸುದ್ದಿ ಉಂಟಾ?” ಎಂದು ಮೂರನೇ ಮಹಡಿಯ ಬಾಯಮ್ಮ ದಿನಾ ಕೇಳುತ್ತಿದ್ದರು. ಒಂದು ರಾತ್ರಿ ದನಿ ಏರಿ ಇಳಿಯುವ ನಡುವೆ “ಇಂಡಿಯನ್ಸ್” ಎಂದಿತು, ಆಮೇಲೆ “ಒಮಾನ್” ಎಂದಂತೆ ಕೇಳಿತು. ಓಡಿಹೋಗಿ ಹೇಳಿಬಿಟ್ಟೆ: ಒಮಾನಿಗೆ ಕಳಿಸುತ್ತಾರಂತೆ! ಒಮಾನಿಗಾದರೆ ಹಡಗಿನಲ್ಲೇ ಎಂದು ಯಾರೋ ಸೇರಿಸಿದರು. ಮಾರನೇ ಬೆಳಿಗ್ಗೆ ಮೂವರು ಶುವೈಖ್ ಬಂದರಿಗೆ ಹೋದರು. ಸೈನಿಕರು ಬಂದೂಕು ತೋರಿಸಿ ವಾಪಸು ಅಟ್ಟಿದರು. ಅವತ್ತು ರಾತ್ರಿ ಮತ್ತೆ ಕೇಳಿದಾಗ ಗೊತ್ತಾಯಿತು, ಅದು ಜೋರ್ಡಾನಿನ ಅಮ್ಮಾನ್. ಅರಬ್ಬಿಯಲ್ಲಿ ಚಿಹ್ನೆ ಹಾಕದೆ ಬರೆದರೆ ಎರಡೂ ಹೆಸರು ಒಂದೇ ಎಂದು ನಮ್ಮ ಭಟ್ಕಳದ ಸಾಹೇಬರು ಸಮಾಧಾನ ಹೇಳಿದರು. ನನಗೆ ಸಮಾಧಾನವಾಗಲಿಲ್ಲ. ಅದಾದ ಮೇಲೆ ಎರಡು ಸಲ ಕೇಳದೆ, ಸಾಧ್ಯವಾದರೆ ಎರಡು ಸ್ಟೇಷನ್ನಿನಲ್ಲಿ ಕೇಳದೆ, ಬಾಯಿ ಬಿಡಲಿಲ್ಲ. ಬಾಯಮ್ಮನಿಗೆ ನನ್ನ ಮೇಲೆ ಕೋಪವೇ ಬಂತು, ಬರಲಿ.

ನಾನು ಬರೀ ಕೇಳುವವ. ಅಬ್ದುಲ್ ಜಬ್ಬಾರ್ ಮರಾಫಿ ಎಂಬ ಕುವೈತಿ ಹ್ಯಾಮ್ (ಹವ್ಯಾಸಕ್ಕೆ ರೇಡಿಯೋದಲ್ಲಿ ಮಾತಾಡುವವರು) ಅದೇ ದಿನಗಳಲ್ಲಿ ತನ್ನ ಫ್ಲ್ಯಾಟಿನಿಂದ ಕದ್ದು ಹೊರಲೋಕಕ್ಕೆ ಸುದ್ದಿ ಕಳಿಸುತ್ತಿದ್ದರೆಂದು ಆಮೇಲೆ ತಿಳಿಯಿತು. ಟ್ರಾನ್ಸ್‌ಮಿಟರ್ ಒತ್ತಿದ ಕ್ಷಣವೇ ನೀವೆಲ್ಲಿದ್ದೀರಿ ಎಂದು ಪತ್ತೆ ಹಚ್ಚಬಹುದು. ನನಗೆ ಆ ಎದೆ ಇರಲಿಲ್ಲ. ನನ್ನ ಚೀಟಿಗಳನ್ನೇ ಓದಿ ಮುಗಿದೊಡನೆ ಗ್ಯಾಸ್ ಒಲೆಯ ಮೇಲೆ ಸುಡುತ್ತಿದ್ದೆ.

ಏರ್ ಇಂಡಿಯಾ ಅಮ್ಮಾನಿನಿಂದ ಅಕ್ಟೋಬರ್ ತನಕ ಲಕ್ಷಕ್ಕೂ ಮಿಕ್ಕಿ ಜನರನ್ನು ಸಾಗಿಸಿತು. ನಮ್ಮ ಸರದಿ ಸೆಪ್ಟೆಂಬರಿನಲ್ಲಿ ಬಂತು. ಬಸ್ಸಿನಲ್ಲಿ ಬಸ್ರಾ, ಬಗ್ದಾದ್, ಆಮೇಲೆ ಮರುಭೂಮಿ. ಚೆಕ್‌ಪೋಸ್ಟಿನ ಹೆದರಿಕೆಗೆ ಸೆಟ್ಟು ಒಯ್ಯಲಿಲ್ಲ, ಅಲ್ಲೇ ಉಳಿದ ಸಾಹೇಬರ ಕೈಗೆ ಕೊಟ್ಟೆ. “ಮುಳ್ಳು ಸ್ವಲ್ಪ ಬಲಕ್ಕೆ ತೋರಿಸ್ತದೆ, 31ರ ಗೆರೆ ದಾಟಿ ಒಂದು ಕೂದಲು ಬಲಕ್ಕೆ ಹುಡುಕಿ” ಎಂದೆ. ಅವರು ಪರದೆಯ ಹೊಲಿಗೆಯನ್ನು ಬೆರಳಿನಿಂದ ಮುಟ್ಟಿ ಮುಟ್ಟಿ ತಂತಿ ಎಲ್ಲಿಯವರೆಗೆ ಹೋಗಿದೆ ಎಂದು ನೋಡುತ್ತಿದ್ದರು. ಕೆಳಗೆ ಬಸ್ಸಿನ ಹಾರ್ನು ಹೊಡೆಯುತ್ತಿತ್ತು.