36 ಸೆಕೆಂಡುಗಳ ದುಡಿಮೆ: ಕಾರ್ಮಿಕರ ಬದುಕನ್ನು ಚಿತ್ರಿಸಿದ ನನ್ನ ಅನುಭವ

ಕಾರ್ಮಿಕರ ಬಗ್ಗೆ ಸಾಕ್ಷ್ಯಚಿತ್ರ ಮಾಡುತ್ತೇನೆ ಎಂದಾಗ ಬಹಳಷ್ಟು ಜನ ಮೆರವಣಿಗೆ, ಬಾವುಟ, ಘೋಷಣೆ, ಕಣ್ಣೀರು ಇವನ್ನೇ ಊಹಿಸಿಕೊಳ್ಳುತ್ತಾರೆ. ಅವೆಲ್ಲ ನನ್ನ ಚಿತ್ರಗಳಲ್ಲಿಯೂ ಇವೆ. ಆದರೆ ಬೀಡಿ ಕಟ್ಟುವವರು, ಗಾರ್ಮೆಂಟ್ಸ್ ಟೈಲರ್‌ಗಳು, ಕೋಲಾರದ ಚಿನ್ನದ ಗಣಿ ಮುಚ್ಚಿದ ಮೇಲೆ ಕೆಲಸ ಕಳೆದುಕೊಂಡವರು, ಇವರ ನಡುವೆ ವರ್ಷಗಟ್ಟಲೆ ಇದ್ದ ಮೇಲೆ ನನಗೆ ಖಚಿತವಾದ ಮಾತು ಒಂದಿದೆ: ದುಡಿಯುವವರ ಹೋರಾಟ ಹುಟ್ಟುವುದು ಲೆಕ್ಕದಲ್ಲಿ. ಎಷ್ಟು ತೂಕ ಕೊಟ್ಟರು, ಎಷ್ಟು ಎಣಿಸಿಕೊಂಡರು, ಎಷ್ಟನ್ನು ಬೇಡವೆಂದು ಎಸೆದರು, ಗಂಟೆಗೆ ಎಷ್ಟು ಕೇಳಿದರು ಎಂಬ ಲೆಕ್ಕ ಅದು. ಅದನ್ನು ಪರದೆಯ ಮೇಲೆ ಕಾಣುವಂತೆ ಮಾಡುವ ದಾರಿಯನ್ನು ನಾನು ಹೇಗೆ ಹುಡುಕಿಕೊಂಡೆ ಎಂಬುದನ್ನು ಇದೇ ಕೆಲಸಕ್ಕೆ ಹೊರಟಿರುವ ಕಿರಿಯರಿಗಾಗಿ ಬರೆಯುತ್ತಿದ್ದೇನೆ.

ನಾನು ಬೆಳೆದದ್ದು ಬಂಟ್ವಾಳ ತಾಲ್ಲೂಕಿನಲ್ಲಿ. ಅಮ್ಮ, ದೊಡ್ಡಮ್ಮ ಇಬ್ಬರೂ ಬೀಡಿ ಕಟ್ಟುತ್ತಿದ್ದುದರಿಂದ ಮೊದಲ ಚಿತ್ರದ ವಸ್ತುವಿಗಾಗಿ ಹೊರಗೆ ಹುಡುಕಬೇಕಾಗಲಿಲ್ಲ. ಬೀಡಿಯ ಕೆಲಸ ಹೊರಗಿನಿಂದ ನೋಡುವವರಿಗೆ ಬಿಡುವಿನ ವೇಳೆಯ ಕೆಲಸದಂತೆ ಕಾಣುತ್ತದೆ, ಏಕೆಂದರೆ ಅದು ಮನೆಯ ಜಗಲಿಯಲ್ಲಿ, ಮಾತುಕತೆಯ ನಡುವೆ, ಅಡುಗೆಯ ಆಚೀಚೆ ನಡೆಯುತ್ತದೆ. ಒಳಗಿನ ಲೆಕ್ಕ ಬೇರೆಯೇ ಇದೆ. ಬ್ರಾಂಚಿನಿಂದ, ಅಂದರೆ ಬೀಡಿ ಕಂಪನಿಯ ಊರಿನ ಶಾಖೆಯಿಂದ, ಎಲೆಯನ್ನೂ ಹೊಗೆಸೊಪ್ಪನ್ನೂ ತೂಗಿ ಕೊಡುತ್ತಾರೆ. ಅಷ್ಟರಲ್ಲಿ ಇಷ್ಟು ಬೀಡಿ ಬರಲೇಬೇಕು ಎಂಬುದು ಕರಾರು. ಎಲೆ ತೂತಾಗಿದ್ದರೆ, ಒಣಗಿ ಪುಡಿಯಾಗುತ್ತಿದ್ದರೆ ಆ ಸಂಖ್ಯೆ ತುಂಬುವುದಿಲ್ಲ, ಆಗ ಕಡಿಮೆ ಬಿದ್ದ ಎಲೆಯನ್ನು ಕಟ್ಟುವವರೇ ಕೈಯಿಂದ ದುಡ್ಡು ಹಾಕಿ ತರಬೇಕು. ನೆನೆಸಿದ ಎಲೆಯನ್ನು ತಗಡಿನ ಅಳತೆಪಟ್ಟಿ ಇಟ್ಟು ಕತ್ತರಿಸಿ, ಹೊಗೆಸೊಪ್ಪು ತುಂಬಿ, ಸುತ್ತಿ, ತುದಿ ಮಡಚಿ, ನೂಲು ಕಟ್ಟಿದರೆ ಒಂದು ಬೀಡಿ. 25 ಬೀಡಿಗೆ ಒಂದು ಕಟ್ಟು, 40 ಕಟ್ಟಿಗೆ ಒಂದು ಸಾವಿರ. ಕೂಲಿ ನಿಗದಿಯಾಗುವುದು ಈ ಸಾವಿರಕ್ಕೆ.

ದಿನಕ್ಕೆ 10 ಗಂಟೆ ಕುಳಿತು ಸಾವಿರ ಬೀಡಿ ಮುಗಿಸುವವರಿಗೆ ಒಂದು ಬೀಡಿಗೆ ಸಿಗುವುದು 36 ಸೆಕೆಂಡು, ಎಲೆ ಕತ್ತರಿಸುವುದೂ ಅದರಲ್ಲಿಯೇ ಸೇರಿದೆ. ಇದನ್ನು ಕಾಗದದ ಮೇಲೆ ಭಾಗಿಸಿ ನೋಡಿದ ದಿನವೇ ಚಿತ್ರದ ರೂಪ ನನ್ನ ಮನಸ್ಸಿನಲ್ಲಿ ನಿಂತಿತು. ಸಂದರ್ಶನಕ್ಕಾಗಿ ಯಾರನ್ನೂ ಕೆಲಸ ಬಿಟ್ಟು ಕುಳ್ಳಿರಿಸಬಾರದೆಂದು ತೀರ್ಮಾನಿಸಿದೆ. ನೆರೆಮನೆಯ ಹಿರಿಯರೊಬ್ಬರು, "ಕೆಲಸ ನಿಲ್ಲಿಸಿ ಮಾತಾಡ್ಲಿಕ್ಕೆ ಆಗುದಿಲ್ಲ ಮಗಾ, ನೀನು ಕೇಳ್ತಾ ಇರು, ನಾನು ಕಟ್ತಾ ಇರ್ತೇನೆ" ಎಂದರು. ಹಾಗೆಯೇ ಚಿತ್ರೀಕರಿಸಿದೆವು. ಕ್ಯಾಮೆರಾವನ್ನು ನೆಲಕ್ಕೆ ಹತ್ತಿರ, ಬೀಡಿ ಕಟ್ಟಲು ಮುಂದಿಟ್ಟುಕೊಳ್ಳುವ ಮೊರದ, ಅಂದರೆ ತಡ್ಪೆಯ, ಎತ್ತರಕ್ಕೆ ಇಳಿಸಿ, ಮುಖ ಮತ್ತು ಕೈ ಎರಡೂ ಒಂದೇ ಚೌಕಟ್ಟಿನಲ್ಲಿ ಬರುವಂತೆ ಇಟ್ಟೆ. ಮಗಳ ಮದುವೆಯ ಸಾಲದ ವಿಷಯ ಹೇಳುವಾಗಲೂ ಆ ಕೈಗಳ ವೇಗ ಬದಲಾಗಲಿಲ್ಲ. ಸಂಕಲನದಲ್ಲಿ ಅಲ್ಲಿ ಎಲ್ಲಿಯೂ ಕತ್ತರಿ ಹಾಕದೆ, ಒಂದರ ನಂತರ ಒಂದು ಬೀಡಿ ತಡ್ಪೆಗೆ ಬೀಳುವುದನ್ನು ಪ್ರೇಕ್ಷಕರೂ ಪೂರ್ತಿ ನೋಡುವಂತೆ ಬಿಟ್ಟೆ. ನಿರೂಪಣೆಯ ದನಿ ಬೇಕಾಗಲೇ ಇಲ್ಲ.

ಬೀಡಿ ಕೊಡುವ ಜಾಗದ ಚಿತ್ರೀಕರಣ ಇದಕ್ಕಿಂತ ಕಷ್ಟದ್ದು. ಅಲ್ಲಿ ಕಟ್ಟುಗಳನ್ನು ಬೆರಳಿನಿಂದ ಒತ್ತಿ ನೋಡಿ, ಸಡಿಲವಾದದ್ದನ್ನು ಬದಿಗೆ ಎಸೆಯುತ್ತಾರೆ. ಎಸೆದದ್ದಕ್ಕೆ ಕೂಲಿಯೂ ಇಲ್ಲ, ಎಷ್ಟೋ ಕಡೆ ಅದು ಕಟ್ಟಿದವರಿಗೆ ಮರಳುವುದೂ ಇಲ್ಲ. 1966ರ ಬೀಡಿ ಮತ್ತು ಸಿಗಾರ್ ಕಾರ್ಮಿಕರ ಕಾಯ್ದೆ ಮನೆಯಲ್ಲಿ ಕುಳಿತು ಕಟ್ಟುವವರನ್ನೂ ಕಾರ್ಮಿಕರೆಂದೇ ಗುರುತಿಸಿತ್ತು. ಆದರೂ ಈ ಒತ್ತಿ ನೋಡುವ ಕ್ಷಣದಲ್ಲಿ ಎದುರುತ್ತರ ಕೊಡುವುದು ಸುಲಭವಲ್ಲ, ಏಕೆಂದರೆ ನಾಳೆಯ ಎಲೆಯೂ ಅದೇ ಕೈಯಿಂದ ಬರಬೇಕು. ಆ ದೃಶ್ಯದಲ್ಲಿ ನಾನು ಯಾರ ಮುಖವನ್ನೂ ತೋರಿಸದೆ, ಕಟ್ಟುಗಳು ಮೇಜಿನ ಎರಡು ಬದಿಗೆ ಬೇರೆಯಾಗುವುದನ್ನು ಮಾತ್ರ ತೋರಿಸಿದೆ.

ಈ ಹಂತದಲ್ಲಿ ನನಗೆ ದಾರಿ ತೋರಿದ್ದು ಬೆಂಗಳೂರಿನವರೇ ಮಾಡಿದ ಒಂದು ಹಳೆಯ ಚಿತ್ರ. ದೀಪಾ ಧನರಾಜ್ ಮತ್ತು ಸಂಗಾತಿಗಳು 1980ರಲ್ಲಿ ಕಟ್ಟಿದ ಯುಗಾಂತರ್ ಎಂಬ ಸ್ತ್ರೀವಾದಿ ಚಲನಚಿತ್ರ ಬಳಗವು, ಬೀಡಿಗೆ ಬೇಕಾದ ಹೊಗೆಸೊಪ್ಪಿನ ಸೀಮೆಯಾದ ನಿಪ್ಪಾಣಿಯ ಹೆಣ್ಣುಮಕ್ಕಳೊಂದಿಗೆ ತಿಂಗಳುಗಟ್ಟಲೆ ಇದ್ದು, ಅವರ ಸಂಘಟನೆಯ ಕಥೆಯನ್ನು 1982ರ 'ತಂಬಾಕು ಚಾಕಿಲಾ ಊಬ್ ಆಲಿ' ಚಿತ್ರದಲ್ಲಿ ದಾಖಲಿಸಿತು. ಏನನ್ನು ಚಿತ್ರಿಸಬೇಕು, ಹೇಗೆ ಚಿತ್ರಿಸಬೇಕು ಎಂಬ ಚರ್ಚೆಯಲ್ಲಿ ಆ ಕಾರ್ಮಿಕರೂ ಪಾಲುಗೊಂಡಿದ್ದರು ಎಂಬುದು ನನಗೆ ಬಹಳ ದೊಡ್ಡ ವಿಷಯವಾಗಿ ಕಂಡಿತು. ಅಂದಿನಿಂದ ಸಂಕಲನದ ಕರಡನ್ನು ಮೊದಲು ಕಾರ್ಮಿಕರಿಗೇ ತೋರಿಸುವುದನ್ನು ನಾನು ಪದ್ಧತಿಯಾಗಿ ಇಟ್ಟುಕೊಂಡಿದ್ದೇನೆ.

ಬೆಂಗಳೂರಿಗೆ ಬಂದ ಮೇಲೆ ಬೊಮ್ಮನಹಳ್ಳಿಯ ಸುತ್ತಮುತ್ತ ಗಾರ್ಮೆಂಟ್ಸ್‌ಗೆ ಹೋಗುವ ಹೆಣ್ಣುಮಕ್ಕಳ ಬಾಡಿಗೆ ಕೋಣೆಗಳಲ್ಲಿ ಕೆಲಸ ಆರಂಭಿಸಿದೆ. ಕಾರ್ಖಾನೆಯ ಒಳಗೆ ಕ್ಯಾಮೆರಾಕ್ಕೆ ಅನುಮತಿ ಸಿಗುವುದಿಲ್ಲ, ಕದ್ದು ಚಿತ್ರಿಸಿದರೆ ಕೆಲಸ ಹೋಗುವುದು ಒಳಗಿರುವವರದು. ಹಾಗಾಗಿ ಒಳಗಿನ ದುಡಿಮೆಯನ್ನು ಹೊರಗೆ ತರುವ ಬೇರೆ ಉಪಾಯ ಬೇಕಿತ್ತು. ಕಾಲರ್ ಕೂರಿಸುವ ಟೈಲರ್ ಒಬ್ಬರಿಗೆ, ಯಂತ್ರವೂ ಬಟ್ಟೆಯೂ ಇಲ್ಲದೆ, ಮನೆಯ ಮೇಜಿನ ಮೇಲೆ ಕೈಯಾಡಿಸಿ ತೋರಿಸುವಂತೆ ಕೇಳಿಕೊಂಡೆ. ಅವರ ಲೈನಿನಲ್ಲಿ ಗಂಟೆಗೆ 100 ಪೀಸ್ ಟಾರ್ಗೆಟ್ ಇತ್ತು. ಪೀಸ್ ಎಳೆದುಕೊಂಡು, ಅಂಚು ಸರಿಮಾಡಿ, ಸೂಜಿಯ ಕೆಳಗೆ ತಿರುಗಿಸಿ, ನೂಲು ಕತ್ತರಿಸಿ, ಎಡಗೈಯಿಂದ ಪಕ್ಕಕ್ಕೆ ತಳ್ಳುವ ಇಷ್ಟೂ ಚಲನೆಯನ್ನು ಅವರು ಬರಿಗೈಯಲ್ಲಿ ಒಂದಿಷ್ಟೂ ತಪ್ಪದೆ ಮಾಡಿದರು; ಪೆಡಲ್ ಒತ್ತುವ ಬಲಗಾಲು ಸಹ ತಾನಾಗಿ ಅಲುಗುತ್ತಿತ್ತು. ಗಂಟೆಯ 3600 ಸೆಕೆಂಡನ್ನು ನೂರರಿಂದ ಭಾಗಿಸಿದರೆ ಬರುವುದು ಇಲ್ಲಿಯೂ 36. ಅಮ್ಮನ ಬೀಡಿಗೂ ಈ ಕಾಲರಿಗೂ ಸಮಯ ಒಂದೇ ಎಂದು ಕಂಡಾಗ ನನ್ನ ಎರಡನೆಯ ಚಿತ್ರ ಮೊದಲನೆಯದರ ಮುಂದುವರಿಕೆಯೆಂದು ತಿಳಿಯಿತು. 36 ಸೆಕೆಂಡಿನ ಆ ಒಂದು ಶಾಟನ್ನು ಚಿತ್ರದ ಉದ್ದಕ್ಕೂ ಮತ್ತೆ ಮತ್ತೆ ತಂದೆ. ಶಬ್ದಕ್ಕಾಗಿ, ಮಾಲೀಕರು ಒಪ್ಪಿದ ಸಣ್ಣ ಜಾಬ್ ವರ್ಕ್ ಘಟಕವೊಂದರಲ್ಲಿ ಯಂತ್ರಗಳ ಸದ್ದನ್ನು ಪ್ರತ್ಯೇಕವಾಗಿ ಧ್ವನಿಮುದ್ರಿಸಿಕೊಂಡೆವು.

ಇದರ ಕರಡನ್ನು ಒಂದು ಭಾನುವಾರ ಮಧ್ಯಾಹ್ನ, ವಾರದ ರಜೆಯ ದಿನ, ಸಮುದಾಯ ಭವನವೊಂದರಲ್ಲಿ ತೋರಿಸಿದಾಗ ಹಿಂದಿನ ಸಾಲಿನಿಂದ ಒಬ್ಬರು ಎದ್ದು, "ಅಕ್ಕಾ, ಟಾರ್ಗೆಟ್ ತೋರ್ಸಿದ್ರಿ, ಆಲ್ಟರೇಷನ್ ಎಲ್ಲಿ? ಚೆಕ್ಕರ್ ವಾಪಸ್ ಕೊಟ್ಟಿದ್ದನ್ನ ಬಿಚ್ಚಿ ಹೊಲಿಯೋ ಟೈಮು ಯಾರ ಲೆಕ್ಕಕ್ಕೂ ಬರಲ್ಲ" ಎಂದರು. ಸಭೆಯಲ್ಲಿ ಮಾತು ಅಲ್ಲಿಂದಲೇ ಕಾವೇರಿತು. ನೀರು ಕುಡಿದರೆ ಶೌಚಕ್ಕೆ ಹೋಗಬೇಕಾಗುತ್ತದೆಂದು ಕುಡಿಯದೇ ಇರುವುದು, ಟಾರ್ಗೆಟ್ ಮುಗಿಯದ ದಿನ ಊಟದ ಹೊತ್ತು ಮೊಟಕಾಗುವುದು, ಸಂಜೆ ಲೆಕ್ಕ ತುಂಬಿಸಲು ಕೂಲಿಯಿಲ್ಲದೆ ಇನ್ನಷ್ಟು ಹೊತ್ತು ಕೂರುವುದು, ಇವನ್ನೆಲ್ಲ ಅವರೇ ಒಂದೊಂದಾಗಿ ಸೇರಿಸಿದರು. ಮುಂದಿನ ಚಿತ್ರೀಕರಣದ ಪಟ್ಟಿ ಆ ಸಭೆಯಲ್ಲಿಯೇ ಸಿದ್ಧವಾಯಿತು.

2016ರ ಏಪ್ರಿಲ್‌ನಲ್ಲಿ ಈ ಲೆಕ್ಕ ರಸ್ತೆಗೆ ಬಂತು. ಆ ವರ್ಷ ಫೆಬ್ರವರಿಯಲ್ಲಿ ಕೇಂದ್ರ ಸರ್ಕಾರ ಹೊರಡಿಸಿದ ಅಧಿಸೂಚನೆಯ ಪ್ರಕಾರ, ಭವಿಷ್ಯ ನಿಧಿಗೆ ಮಾಲೀಕರು ಕಟ್ಟಿದ ಪಾಲನ್ನು 58 ವರ್ಷ ತುಂಬುವ ತನಕ ಹಿಂಪಡೆಯುವಂತಿರಲಿಲ್ಲ. ಗಾರ್ಮೆಂಟ್ಸ್‌ನಲ್ಲಿ ಆ ವಯಸ್ಸಿನವರೆಗೆ ದುಡಿಯುವವರು ವಿರಳ; ಕೆಲವು ವರ್ಷ ದುಡಿದು, ಕೆಲಸ ಬಿಟ್ಟು, ಪಿ.ಎಫ್. ಹಣ ತೆಗೆದು ಮಕ್ಕಳ ಶಾಲೆಯ ಶುಲ್ಕವನ್ನೋ ಮನೆಯ ಭೋಗ್ಯದ ಮೊತ್ತವನ್ನೋ ಕಟ್ಟಿ, ಮತ್ತೆ ಬೇರೊಂದು ಕಾರ್ಖಾನೆಗೆ ಸೇರುವುದು ಅಲ್ಲಿಯ ರೂಢಿ. ಏಪ್ರಿಲ್ 18ರಂದು ಹೊಸೂರು ರಸ್ತೆಗೂ ಮರುದಿನ ಪೀಣ್ಯ, ಜಾಲಹಳ್ಳಿಯ ಕಡೆಗೂ ಸಾವಿರಾರು ಹೆಣ್ಣುಮಕ್ಕಳು ಇಳಿದರು. ದೊಡ್ಡ ಸಂಘಟನೆಯೊಂದರ ಕರೆಯಿಲ್ಲದೆ, ಒಂದು ಗೇಟಿನಿಂದ ಇನ್ನೊಂದು ಗೇಟಿಗೆ ಸುದ್ದಿ ಹಬ್ಬಿ ನಡೆದ ಆ ಚಳವಳಿಗೆ ಮಣಿದು, ಏಪ್ರಿಲ್ 19ರಂದು ಸರ್ಕಾರ ಅಧಿಸೂಚನೆಯನ್ನು ಹಿಂಪಡೆಯಿತು. ಟಿ.ವಿ. ವಾಹಿನಿಗಳಲ್ಲಿ ಉರಿಯುವ ಬಸ್ಸುಗಳ ದೃಶ್ಯವೇ ಸುತ್ತುತ್ತಿದ್ದಾಗ ನಾನು ಮತ್ತೆ ಅದೇ ಕೋಣೆಗಳಿಗೆ ಹೋಗಿ, ಟ್ರಂಕಿನಿಂದ ಅವರು ತೆಗೆದಿಟ್ಟ ಪಿ.ಎಫ್. ಚೀಟಿ, ಸಂಬಳದ ಚೀಟಿ ಮತ್ತು ಶಾಲೆಯ ರಸೀದಿಗಳನ್ನು ಪಕ್ಕಪಕ್ಕದಲ್ಲಿಟ್ಟು ಚಿತ್ರಿಸಿದೆ. ಆ ಮೂರು ಕಾಗದಗಳನ್ನು ನೋಡಿದ ಯಾರಿಗಾದರೂ ಅಷ್ಟು ಜನ ಏಕೆ ರಸ್ತೆಗೆ ಬಂದರೆಂದು ಬೇರೆ ವಿವರಿಸಬೇಕಾಗಿಲ್ಲ ಎಂದು ನಾನು ಇಂದಿಗೂ ನಂಬುತ್ತೇನೆ.

ಕೋಲಾರದ ಚಿನ್ನದ ಗಣಿಯ ಚಿತ್ರದಲ್ಲಿ ನನ್ನ ಪಾತ್ರ ಚಿಕ್ಕದು, ಸ್ನೇಹಿತರೊಬ್ಬರ ಯೋಜನೆಗೆ ಸಂಕಲನಕಾರಳಾಗಿ ಹೋಗಿದ್ದೆ. 3 ಕಿಲೋಮೀಟರಿಗೂ ಆಳಕ್ಕೆ ಇಳಿದಿದ್ದ ಚಾಂಪಿಯನ್ ರೀಫ್ ಸೇರಿದಂತೆ ಆ ಗಣಿಗಳು 2001ರ ಫೆಬ್ರವರಿ 28ರಂದು ಮುಚ್ಚಿದ ಮೇಲೆ, ಮಾರಿಕುಪ್ಪಂನಿಂದ ನಸುಕಿನ ರೈಲು ಹತ್ತಿ ಬೆಂಗಳೂರಿಗೆ ಕೂಲಿಗೆ ಬರುವವರ ಮಾತೆಲ್ಲ ತಮಿಳಿನಲ್ಲಿತ್ತು. ಅದರ ಮೇಲೆ ಕನ್ನಡದ ದನಿ ಹೊದಿಸದೆ ಕನ್ನಡ ಅಡಿಬರಹವನ್ನು ಮಾತ್ರ ಕೊಡಬೇಕೆಂದು ನಾನು ಹಟ ಹಿಡಿದೆ.

ಹಣದ ವಿಷಯವನ್ನು ಬಿಡಿಸಿ ಹೇಳಬೇಕು, ಏಕೆಂದರೆ ಹೊಸಬರು ಮೊದಲು ಕೇಳುವುದು ಅದನ್ನೇ. ನನ್ನ ಮನೆಯ ಖರ್ಚು ನಡೆದದ್ದು ಮದುವೆಯ ವಿಡಿಯೋಗಳ ಸಂಕಲನದಿಂದ ಮತ್ತು ಸಂಘಸಂಸ್ಥೆಗಳ ತರಬೇತಿ ಚಿತ್ರಗಳಿಂದ. ಸಾಕ್ಷ್ಯಚಿತ್ರಗಳಿಗೆ ಮಾತ್ರ ಚಂದಾ ಎತ್ತುತ್ತೇವೆ. ಕೇರಳದಲ್ಲಿ ಜಾನ್ ಅಬ್ರಹಾಂ ಅವರ ಒಡೆಸ್ಸಾ ಬಳಗವು ಊರೂರು ತಿರುಗಿ ಚಿತ್ರ ಪ್ರದರ್ಶಿಸಿ, ಜನರಿಂದಲೇ ಹಣ ಕೂಡಿಸಿ 1986ರಲ್ಲಿ 'ಅಮ್ಮ ಅರಿಯಾನ್' ಮಾಡಿದ ಉದಾಹರಣೆ ನಮ್ಮ ಮುಂದಿತ್ತು. ಪ್ರದರ್ಶನ ಮುಗಿದ ಮೇಲೆ ಡಬ್ಬಿ ಹಿಡಿದು ನಿಂತಾಗ ಬರುವ ಹತ್ತು, ಇಪ್ಪತ್ತು ರೂಪಾಯಿಗಳಿಂದ ಪೂರ್ತಿ ಚಿತ್ರ ಆಗುವುದಿಲ್ಲ, ಆದರೆ ಮುಂದಿನ ಪ್ರದರ್ಶನದ ಪ್ರೊಜೆಕ್ಟರ್ ಬಾಡಿಗೆಯೂ ಬಸ್ಸಿನ ಖರ್ಚೂ ಹೊರಡುತ್ತದೆ. ಸಾಕ್ಷ್ಯಚಿತ್ರಗಳನ್ನು ತಯಾರಿಸುತ್ತಿದ್ದ ಕೇಂದ್ರ ಸರ್ಕಾರದ ಫಿಲಂಸ್ ಡಿವಿಷನ್ 2022ರಲ್ಲಿ ರಾಷ್ಟ್ರೀಯ ಚಲನಚಿತ್ರ ಅಭಿವೃದ್ಧಿ ನಿಗಮದಲ್ಲಿ (ಎನ್.ಎಫ್.ಡಿ.ಸಿ.) ವಿಲೀನವಾದ ಮೇಲಂತೂ ಈ ಬಗೆಯ ಸಣ್ಣ ದಾರಿಗಳನ್ನು ನಾವೇ ಕಾಪಾಡಿಕೊಳ್ಳಬೇಕಾಗಿದೆ.

ಚಿತ್ರದಲ್ಲಿ ಕಾಣಿಸಿಕೊಳ್ಳುವವರಿಗೆ ಹಣ ಕೊಟ್ಟರೆ ಅವರ ಮಾತಿನ ಸತ್ಯ ಕೆಡುತ್ತದೆ ಎಂದು ವಾದಿಸುವವರಿದ್ದಾರೆ. ನಾನು ಇದನ್ನು ಒಪ್ಪುವುದಿಲ್ಲ. ಮಾತಿಗೆ ಹಣ ಕೊಡುವುದಿಲ್ಲ. ನನ್ನ ಚಿತ್ರೀಕರಣದಿಂದ ಯಾರ ಅರ್ಧ ದಿನ ಹಾಳಾಗುತ್ತದೆಯೋ ಅವರಿಗೆ ಆ ಅರ್ಧ ದಿನದ ಕೂಲಿಯನ್ನು ಮೊದಲೇ ಕೊಡುತ್ತೇನೆ. ಕೂಲಿಯ ಲೆಕ್ಕವನ್ನು ಚಿತ್ರಿಸಲು ಹೋದವರು ಅದೇ ಲೆಕ್ಕದಲ್ಲಿ ಬಾಕಿ ಉಳಿಸಿಕೊಳ್ಳುವುದು ಸಲ್ಲದು. ಒಪ್ಪಿಗೆಯನ್ನು ಮೂರು ಸಲ ಕೇಳುತ್ತೇನೆ: ಚಿತ್ರೀಕರಣಕ್ಕೆ ಮುನ್ನ, ಸಂಕಲನ ನೋಡಿದ ಮೇಲೆ, ಅಂತರ್ಜಾಲಕ್ಕೆ ಹಾಕುವ ಮುನ್ನ. ಸಭಾಂಗಣದ ಪ್ರದರ್ಶನಕ್ಕೆ ಒಪ್ಪಿದವರು ಫೋನಿನಲ್ಲಿ ಹರಿದಾಡಲು ಒಪ್ಪದಿರುವುದು ಸಾಮಾನ್ಯ, ಸೂಪರ್‌ವೈಸರ್ ಕೈಯಲ್ಲೂ ಫೋನಿದೆ. ಅಂಥವರ ಮುಖವಿರುವ ಭಾಗವನ್ನು ಅಂತರ್ಜಾಲದ ಆವೃತ್ತಿಯಿಂದ ತೆಗೆದಿದ್ದೇನೆ, ಚಿತ್ರದ ಅತ್ಯುತ್ತಮ ಭಾಗ ಅದೇ ಆಗಿದ್ದಾಗಲೂ.

ಈಗ ಆಹಾರ ಪೊಟ್ಟಣ ತಲುಪಿಸುವ ಡೆಲಿವರಿ ಹುಡುಗರೊಂದಿಗೆ ಕೆಲಸ ನಡೆದಿದೆ. ಬೀಡಿಗೆ ಸಾವಿರದ ದರವಿತ್ತು, ಗಾರ್ಮೆಂಟ್ಸ್‌ನಲ್ಲಿ ಟಾರ್ಗೆಟ್ ಬರೆದ ಬೋರ್ಡ್ ಎಲ್ಲರಿಗೂ ಕಾಣುತ್ತಿತ್ತು. ಇಲ್ಲಿ ಒಂದೇ ಹೋಟೆಲಿನ ಮುಂದೆ ನಿಂತ ಇಬ್ಬರ ಫೋನಿನಲ್ಲಿ ಒಂದೇ ದೂರಕ್ಕೆ ಬೇರೆ ಬೇರೆ ಮೊತ್ತ ಕಾಣುತ್ತದೆ, ಅದು ಏಕೆಂದು ಇಬ್ಬರಿಗೂ ತಿಳಿಯದು. ಹೀಗೆ ಆ್ಯಪ್ ಮೂಲಕ ಬಿಡಿ ಬಿಡಿ ಕೆಲಸ ಪಡೆಯುವ ಗಿಗ್ ಕಾರ್ಮಿಕರಿಗಾಗಿ 2025ರಲ್ಲಿ ಕರ್ನಾಟಕ ತಂದ ಕಾಯ್ದೆಯು, ಪ್ರತಿ ವಹಿವಾಟಿನಲ್ಲಿ ಕಾರ್ಮಿಕರಿಗೆ ಕೊಡುವ ಮೊತ್ತದ ಮೇಲೆ ಶೇ. 1ರಿಂದ 5ರವರೆಗೆ ಕಲ್ಯಾಣ ಶುಲ್ಕವನ್ನು ವಿಧಿಸಲು ಅವಕಾಶ ಕೊಟ್ಟಿದೆ, ದುಡಿಯುವವರ ಮೇಲೆ ಪರಿಣಾಮ ಬೀರುವ ಸ್ವಯಂಚಾಲಿತ ವ್ಯವಸ್ಥೆಗಳ ಬಗ್ಗೆ ಅವರಿಗೆ ಮಾಹಿತಿ ಕೊಡಬೇಕೆಂದೂ ಹೇಳಿದೆ. ಆ ಮಾಹಿತಿ ಕೈಗೆ ಬರುವ ತನಕ ಕಾಯದೆ, ಪ್ರತಿ ಆರ್ಡರಿನ ಮೊತ್ತ, ದೂರ ಮತ್ತು ಕಾದ ಸಮಯದ ಸ್ಕ್ರೀನ್‌ಶಾಟ್‌ಗಳನ್ನು ಹುಡುಗರೇ ತೆಗೆದು ರಾತ್ರಿ ಒಟ್ಟುಗೂಡಿಸುತ್ತಿದ್ದಾರೆ. ಆ ಸ್ಕ್ರೀನ್‌ಶಾಟ್‌ಗಳನ್ನು ದಿನಾಂಕದ ಪ್ರಕಾರ ಜೋಡಿಸುವ ಕೆಲಸ ಮುಗಿದ ಮೇಲೆ, ಬರುವ ಮಳೆಗಾಲದಲ್ಲಿ ಚಿತ್ರೀಕರಣ ಆರಂಭಿಸುತ್ತೇವೆ.