‘ಪರಿಗಣಿಸಿ’ ಬೇರೆ, ‘ಕೊಡಿ’ ಬೇರೆ

ಆದೇಶವಾಗಿ ಹದಿನಾರು ತಿಂಗಳಾಗುತ್ತ ಬಂದಿತ್ತು. ಪಂಪ್ ಆಪರೇಟರ್ ಒಬ್ಬರು ಬಟ್ಟೆ ಅಂಗಡಿಯ ಕೈಚೀಲದಲ್ಲಿ ಕಾಗದ ತುಂಬಿಕೊಂಡು ಧಾರವಾಡದ ನನ್ನ ಆಫೀಸಿಗೆ ಬಂದರು. 1994ರಿಂದ ದಿನಗೂಲಿ. ಹೈಕೋರ್ಟಿನಲ್ಲಿ ಇಲಾಖೆಯ ವಿರುದ್ಧ ರಿಟ್ ಅರ್ಜಿ ಗೆದ್ದಿದ್ದರು, ಕೈಗೆ ಮಾತ್ರ ಏನೂ ಸಿಕ್ಕಿರಲಿಲ್ಲ.

“ವಕೀಲ್ರ, ಸಾಹೇಬ್ರನ್ನ ಜೈಲಿಗೆ ಹಾಕ್ಸೋದು ಬ್ಯಾಡ್ರಿ. ನನ್ನ ರೊಕ್ಕ ಬಂದ್ರ ಸಾಕು” ಅಂದರು.

ಇಂಥವರ ಕೇಸು ನಡೆಸುವುದು ಸುಲಭ. ಕೋರ್ಟಿನ ಆದೇಶ ಪಾಲಿಸದಿದ್ದರೆ ಹಾಕುವುದು ನ್ಯಾಯಾಂಗ ನಿಂದನೆ ಅರ್ಜಿ. ನಿಂದನೆ ಅಂದ ಕೂಡಲೇ ಕೆಲವರ ಕಣ್ಣಿಗೆ ಬೇಡಿಯೇ ಕಾಣುತ್ತದೆ. 1971ರ ನ್ಯಾಯಾಂಗ ನಿಂದನೆ ಕಾಯ್ದೆಯಲ್ಲಿ ಇರುವುದು ಹೆಚ್ಚೆಂದರೆ 6 ತಿಂಗಳ ಸಾದಾ ಸಜೆ, 2,000 ರೂಪಾಯಿ ದಂಡ. ಮನಸಾರೆ ಕ್ಷಮೆ ಕೇಳಿದರೆ ಅದನ್ನೂ ಬಿಡಬಹುದು. ಸಂಬಳದ ಕೇಸಿನಲ್ಲಿ ಅಧಿಕಾರಿ ಜೈಲಿಗೆ ಹೋದದ್ದನ್ನು ನಾನಂತೂ ನೋಡಿಲ್ಲ.

ನಾನು ಮೊದಲು ನೋಡುವುದು ಆದೇಶದ ಕೊನೆಯ ಪ್ಯಾರಾದ ಕ್ರಿಯಾಪದ. ಇವರದರಲ್ಲಿ ಎರಡಿದ್ದವು. ಖಾಯಂ ಮಾಡುವ ಕೋರಿಕೆಯನ್ನು ಮೂರು ತಿಂಗಳಲ್ಲಿ ‘ಪರಿಗಣಿಸಿ’. ಅಲ್ಲಿಯವರೆಗೆ ವೇತನ ಶ್ರೇಣಿಯ ಕನಿಷ್ಠ ಮೊತ್ತವನ್ನು ತುಟ್ಟಿಭತ್ಯೆ ಸಮೇತ ಅದೇ ಮೂರು ತಿಂಗಳೊಳಗೆ ‘ಕೊಡಿ’. ಮೊದಲನೆಯದಕ್ಕೆ ಆಧಾರ ನಮ್ಮ ರಾಜ್ಯದಿಂದಲೇ ಸುಪ್ರೀಂ ಕೋರ್ಟಿಗೆ ಹೋದ ಉಮಾದೇವಿ ಪ್ರಕರಣದ 2006ರ ತೀರ್ಪು: ಮಂಜೂರಾದ ಹುದ್ದೆಯಲ್ಲಿ ಕೋರ್ಟಿನ ರಕ್ಷಣೆ ಇಲ್ಲದೆ 10 ವರ್ಷ ದುಡಿದವರನ್ನು ಒಂದು ಬಾರಿ ಖಾಯಂ ಮಾಡಿ ಅಂತ. ಎರಡನೆಯದಕ್ಕೆ ಅದೇ ಕೋರ್ಟಿನ 2016ರ ಜಗಜಿತ್ ಸಿಂಗ್ ತೀರ್ಪು, ಸಮಾನ ಕೆಲಸಕ್ಕೆ ಸಮಾನ ವೇತನ.

ಮೂರು ತಿಂಗಳ ಎಣಿಕೆ ದೃಢೀಕೃತ ನಕಲು ಇಲಾಖೆಗೆ ಮುಟ್ಟಿದ ದಿನದಿಂದ. ಆ ಗಡುವು ಮುಗಿದ ಮೇಲೆ ಒಂದು ವರ್ಷದೊಳಗೆ ನಿಂದನೆ ಅರ್ಜಿ ಹಾಕಬೇಕು, ಅದೇ ಕಾಯ್ದೆಯ 20ನೇ ಕಲಂ. ಈ ನಡುವೆ ಇವರು ಐದು ಮನವಿ ಕೊಟ್ಟಿದ್ದರು. ಮನವಿ ಕೊಟ್ಟಷ್ಟೂ ಟೈಮ್ ಸಿಗುತ್ತದೆ ಅಂತ ಯಾರೋ ಹೇಳಿದ್ದರಂತೆ. ಸಿಗುವುದಿಲ್ಲ.

ಸ್ವೀಕೃತಿ ತೆಗೆದು ನೋಡಿದೆ. ಮೊಹರಿನ ಮಸಿ ಹರಡಿತ್ತು. ತಾರೀಖು 11ಓ 17ಓ ತಿಳಿಯುತ್ತಿಲ್ಲ. 11 ಆಗಿದ್ದರೆ ನಮಗೆ ಉಳಿದದ್ದು ಎರಡೇ ದಿನ. ಟ್ಯೂಬ್‌ಲೈಟ್ ಕೆಳಗೆ ಹಿಡಿದೆವು, ಮೊಬೈಲಿನಲ್ಲಿ ದೊಡ್ಡದು ಮಾಡಿ ನೋಡಿದೆವು. ಪಕ್ಕದಲ್ಲಿ ಟಪಾಲು ಗುಮಾಸ್ತರು ಪೆನ್ನಿನಲ್ಲಿ ಇನ್‌ವರ್ಡ್ ನಂಬರ್ ಬರೆದಿದ್ದರು. ರಿಜಿಸ್ಟರಿನಲ್ಲಿ ತಾಳೆ ನೋಡಬಹುದಿತ್ತು, ಆದರೆ ಅಷ್ಟು ಪುರುಸೊತ್ತು ಎಲ್ಲಿ? 11 ಅಂತಲೇ ಹಿಡಿದು ಮರುದಿನ ಅರ್ಜಿ ಹಾಕಿದೆ. ಒಂದು ವರ್ಷದೊಳಗೆ ಅರ್ಜಿ ಸಲ್ಲಿಸಿದರೆ ಸಾಕು, ಕೋರ್ಟು ಆಮೇಲೆ ಕೈಗೆತ್ತಿಕೊಂಡರೂ ನಡೆಯುತ್ತದೆ ಅಂತ 2001ರಲ್ಲೇ ಸುಪ್ರೀಂ ಕೋರ್ಟ್ ಹೇಳಿದೆ.

ಅವಸರದಲ್ಲಿ ಒಂದು ತಪ್ಪು ಮಾಡಿದೆ. ನಿಂದನೆಯ ಆರೋಪ ಹುದ್ದೆಯ ಮೇಲಲ್ಲ, ಮನುಷ್ಯನ ಮೇಲೆ. ಹೆಸರು ಬೇಕು. ನಾನು ಹಾಕಿದ ಹೆಸರಿನವರು ವರ್ಗವಾಗಿ ಹೋಗಿದ್ದರು! ನೋಟಿಸ್ ವಾಪಸ್ ಬಂತು. ಹೆಸರು ತಿದ್ದಿಸುವಷ್ಟರಲ್ಲಿ ಒಂದೂವರೆ ತಿಂಗಳು ಹೋಯಿತು. ಈಗ ಯಾವ ಕೇಸಾದರೂ ಕಕ್ಷಿದಾರರಿಗೆ ಒಂದು ಫೋಟೋ ತರಲು ಹೇಳುತ್ತೇನೆ. ಸಾಹೇಬರ ಕುರ್ಚಿಯ ಹಿಂದೆ ಗೋಡೆಗೆ ಒಂದು ಹಲಗೆ ಇರುತ್ತದಲ್ವಾ, ಯಾರು ಯಾವ ತಾರೀಖಿನಿಂದ ಯಾವ ತಾರೀಖಿನವರೆಗೆ ಇದ್ದರು ಅಂತ? ಅದರದ್ದು.

ನೋಟಿಸ್ ಮುಟ್ಟಿದ ಮೇಲೆ ಇಲಾಖೆಗೆ ಎಚ್ಚರವಾಯಿತು. ಎರಡು ಕೆಲಸ ಒಟ್ಟಿಗೆ ನಡೆದವು. ರಿಟ್ ಅಪೀಲು ಹಾಕಿದರು, ತಡೆಯಾಜ್ಞೆ ಮಾತ್ರ ತರಲಿಲ್ಲ. ಜೊತೆಗೆ ಎರಡು ಸಾಲಿನ ಹಿಂಬರಹ ಕೊಟ್ಟರು: ಮಂಜೂರಾದ ಹುದ್ದೆ ಇಲ್ಲ, ಕೋರಿಕೆ ತಿರಸ್ಕರಿಸಿದೆ.

ಈ ಹಿಂಬರಹದ ಮುಂದೆ ನಿಂದನೆ ಅರ್ಜಿ ನಿಲ್ಲುವುದಿಲ್ಲ ಅಂತ ನನಗೆ ಗೊತ್ತಿತ್ತು. ಪರಿಗಣಿಸಿ ಅಂದರು, ಪರಿಗಣಿಸಿದರು. ಅದು ಸರಿಯೋ ತಪ್ಪೋ ಅನ್ನುವುದು ಬೇರೆ ವ್ಯಾಜ್ಯ. ಸುಪ್ರೀಂ ಕೋರ್ಟಿನ 1996ರ ಜೆ.ಎಸ್. ಪರಿಹಾರ್ ಪ್ರಕರಣದಿಂದಲೂ ಇದೇ ಮಾತು. ಆದರೂ ವಾದಿಸಿದೆ. ವಿಭಾಗೀಯ ಪೀಠ ಸಮಾಧಾನದಿಂದ ಕೇಳಿತು. ಪ್ರತ್ಯೇಕ ರಿಟ್ ಹಾಕಲು ಅವಕಾಶ ಕೊಟ್ಟು ಆ ಭಾಗ ಮುಗಿಸಿತು.

ಸಂಬಳದ ವಿಷಯಕ್ಕೆ ಬಂದಾಗ ಗಾಳಿ ತಿರುಗಿತು. ಸರ್ಕಾರಿ ವಕೀಲರು ಅಪೀಲಿನ ಮಾತೆತ್ತಿದರು. “ತಡೆಯಾಜ್ಞೆ ಇದೆಯೇ?” ಅಂತ ಪೀಠ ಕೇಳಿತು. ಇರಲಿಲ್ಲ. ಅಪೀಲು ಹಾಕಿದ ಮಾತ್ರಕ್ಕೆ ಆದೇಶ ನಿಲ್ಲುವುದಿಲ್ಲ. ಹಣಕಾಸು ಇಲಾಖೆಯ ಸಹಮತಿ ಬೇಕು ಅಂದರು. ಅಧಿಕಾರಿ ಖುದ್ದು ಬರಲಿ ಅಂತ ನಾನು ಕೇಳಿದೆ. ಪೀಠ ಒಪ್ಪಲಿಲ್ಲ. ಅಧಿಕಾರಿಗಳನ್ನು ಸುಮ್ನೆ ಕರೆಸಬೇಡಿ, ಕರೆಸಲೇಬೇಕಾದರೆ ಮೊದಲು ವಿಡಿಯೋದಲ್ಲಿ ಅಂತ 2024ರ ಜನವರಿಯಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ. ಅದರ ಬದಲು ಪಾವತಿ ಮಾಡಿ ಅಫಿಡವಿಟ್ ಹಾಕಲು ನಾಲ್ಕು ವಾರ ಸಿಕ್ಕಿತು.

ಅಫಿಡವಿಟ್ ಜೊತೆ ಲೆಕ್ಕದ ಪಟ್ಟಿ ಬಂತು. ಮೂಲ ವೇತನ ಇದೆ, ತುಟ್ಟಿಭತ್ಯೆ ಇಲ್ಲ. ಆದೇಶದಲ್ಲಿ ಆ ಪದ ಇರದಿದ್ದರೆ ಅದೂ ‘ಬೇರೆ ವ್ಯಾಜ್ಯ’ ಆಗುತ್ತಿತ್ತು. ಪುಣ್ಯಕ್ಕೆ ಇತ್ತು. ತಿಂಗಳುವಾರು ಪಟ್ಟಿ ಮಾಡಿ, ಕೊಟ್ಟದ್ದು, ಕೊಡಬೇಕಾದ್ದು, ವ್ಯತ್ಯಾಸ ಅಂತ ಮೂರೇ ಕಾಲಂ ಹಾಕಿ ಮೆಮೊ ಕೊಟ್ಟೆ. ಉದ್ದುದ್ದ ವಾದಕ್ಕಿಂತ ಆ ಹಾಳೆಯೇ ಕೆಲಸ ಮಾಡಿತು. ಎರಡು ವಾರದಲ್ಲಿ ವ್ಯತ್ಯಾಸದ ಮೊತ್ತ ಜಮೆ ಆಯಿತು, ಅರ್ಜಿ ಮುಗಿಯಿತು.

ಅವರು ಪಾಸ್‌ಬುಕ್ ಹಿಡಿದು ಬಂದರು. ಜಮೆಯಾದ ಸಾಲಿನ ಮೇಲೆ ಬೆರಳಿಟ್ಟು ತೋರಿಸಿದರು. ಆಮೇಲೆ ಅದೇ ಕೈಚೀಲದಿಂದ ಹಿಂಬರಹ ತೆಗೆದು, “ಇದಕ್ಕೇನ್ ಮಾಡೂಣ್ರಿ? ರಿಟೈರ್ ಆಗಾಕ ಎರಡು ವರ್ಷ ಅದ” ಅಂದರು.

ಹೊಸ ರಿಟ್ ತಯಾರಾಗಿದೆ. ಅದರ ಕೋರಿಕೆಯಲ್ಲಿ ‘ಪರಿಗಣಿಸಿ’ ಅಂತ ಎಲ್ಲೂ ಬರೆದಿಲ್ಲ.